ಲೂಬೆಕ್‌ನ ಒಡೆದ ಗಂಟೆಗಳು: ಕರಗಲಿಲ್ಲವೇಕೆ, ಮತ್ತೆ ಎರಕ ಹೊಯ್ಯಲಿಲ್ಲವೇಕೆ?

ಪ್ರಶ್ನೆ: ಜರ್ಮನಿಯ ಲೂಬೆಕ್ ನಗರದ ಸಂತ ಮರಿಯಾ ಚರ್ಚಿನಲ್ಲಿ ಎರಡನೇ ಮಹಾಯುದ್ಧದಲ್ಲಿ ಕೆಳಗೆ ಬಿದ್ದ ಎರಡು ದೊಡ್ಡ ಗಂಟೆಗಳನ್ನು ಇಂದಿಗೂ ಬಿದ್ದ ಜಾಗದಲ್ಲೇ ಸ್ಮಾರಕವಾಗಿ ಇಟ್ಟಿದ್ದಾರೆ. ಅವು ಬೆಂಕಿಗೆ ಕರಗಿದ್ದೋ, ಬಿದ್ದು ಒಡೆದದ್ದೋ? ಲೋಹವೆಲ್ಲ ಅಲ್ಲೇ ಇದ್ದಾಗ ಮತ್ತೆ ಎರಕ ಹೊಯ್ಯಬಹುದಿತ್ತಲ್ಲವೇ? ಇಷ್ಟು ವರ್ಷ ನೆಲದ ಮೇಲೆ ಬಿಟ್ಟರೆ ಕಂಚು ಹಾಳಾಗುವುದಿಲ್ಲವೇ?

ಉತ್ತರ: ಮುಖ್ಯವಾಗಿ ಅವು ಬಿದ್ದು ಒಡೆದವು. ಬೆಂಕಿ ಮಾಡಿದ್ದು ಅವುಗಳನ್ನು ಹೊತ್ತಿದ್ದ ಮರವನ್ನು ಸುಟ್ಟು ಬೀಳಿಸುವ ಕೆಲಸ. ಮತ್ತೆ ಎರಕ ಹೊಯ್ಯಲು ತಾಂತ್ರಿಕವಾಗಿ ಯಾವ ಅಡ್ಡಿಯೂ ಇರಲಿಲ್ಲ. ಅದಕ್ಕಿಂತ ಹಿಂದಿನ ಯಾವ ಶತಮಾನದಲ್ಲಾದರೂ ಹಾಗೆಯೇ ಮಾಡಿರುತ್ತಿದ್ದರು. ಆದ್ದರಿಂದ ಈ ಗಂಟೆಗಳ ಚರಿತ್ರೆಯಲ್ಲಿ ಅಪರೂಪದ ಸಂಗತಿಯೆಂದರೆ ಒಡೆದ ಮೇಲೂ ಅವನ್ನು ಕುಲುಮೆಗೆ ಹಾಕದೆ ಬಿಟ್ಟದ್ದು. ಇನ್ನು ಕಂಚು ಕೆಡುವ ವಿಚಾರ ಕೊನೆಯಲ್ಲಿ ಬರುತ್ತದೆ, ಅದಕ್ಕೆ ಸ್ವಲ್ಪ ವಿವರ ಬೇಕು.

ಮೊದಲು ಆ ರಾತ್ರಿಯ ಮಾತು. 1942ರ ಮಾರ್ಚ್ 28ರ ರಾತ್ರಿ, ಗರಿಗಳ ಭಾನುವಾರದ ಹಿಂದಿನ ರಾತ್ರಿ, ಬ್ರಿಟಿಷ್ ವಾಯುಪಡೆಯ 234 ವಿಮಾನಗಳು ಲೂಬೆಕ್ ಕಡೆಗೆ ಹೊರಟವು. ಸುಮಾರು 400 ಟನ್ ಬಾಂಬು ಬಿತ್ತು, ಅದರಲ್ಲಿ ಹೆಚ್ಚಿನ ಪಾಲು ಬೆಂಕಿಬಾಂಬು. ಹಳೇ ಊರು ಇಕ್ಕಟ್ಟು ಗಲ್ಲಿಗಳ, ಮರದ ತೊಲೆಗಳ ಮನೆಗಳದ್ದು. ಗುರಿಯಾಗಿ ಅದನ್ನು ಆರಿಸಿಕೊಂಡದ್ದೇ ಚೆನ್ನಾಗಿ ಹೊತ್ತಿ ಉರಿಯುತ್ತದೆ ಎಂಬ ಲೆಕ್ಕದಿಂದ. ಮುನ್ನೂರಕ್ಕೂ ಹೆಚ್ಚು ಜನ ಸತ್ತರು. ಸಂತ ಮರಿಯಾ ಚರ್ಚು, ಕೆಥೆಡ್ರಲ್, ಸಂತ ಪೀಟರ್ ಚರ್ಚು ಮೂರೂ ಸುಟ್ಟವು. ಮರಿಯಾ ಚರ್ಚಿನ ಒಳಗೆ ಬೆರ್ಂಟ್ ನೋಟ್ಕೆಯದೆಂದು ಹೆಸರಾದ ‘ಮೃತ್ಯುನೃತ್ಯ’ ಚಿತ್ರದ 1701ರ ಪ್ರತಿ, ಅದರ ಹೆಸರಿನಿಂದಲೇ ಕರೆಯುತ್ತಿದ್ದ ಹಳೆಯ ಆರ್ಗನ್ ಎಲ್ಲವೂ ಹೋದವು. ದಕ್ಷಿಣ ಗೋಪುರದಿಂದ ಗಂಟೆಗಳು ನೆಲಕ್ಕೆ ಬಿದ್ದವು.

ಉಳಿದಿರುವ ತುಂಡುಗಳಲ್ಲಿ ದೊಡ್ಡ ಗಂಟೆ 1668ರಲ್ಲಿ ಆಲ್ಬರ್ಟ್ ಬೆನ್ನಿಂಕ್ ಎರೆದದ್ದು, ತೂಕ 7 ಟನ್ನಿಗೂ ಮೇಲೆ, ಬಾಯಿಯ ವ್ಯಾಸ ಸುಮಾರು 2.17 ಮೀಟರ್. ಇನ್ನೊಂದು ಅದಕ್ಕಿಂತ ಹಳೆಯದು, ಹೈನ್ರಿಕ್ ಫಾನ್ ಕಾಂಪೆನ್ ಎಂಬ ಎರಕಗಾರನದು. 1668 ಎಂದರೆ ಡೀಟ್ರಿಕ್ ಬುಕ್ಸ್‌ಟೆಹೂಡೆ ಈ ಚರ್ಚಿನ ಆರ್ಗನ್ ವಾದಕನಾಗಿ ಬಂದ ವರ್ಷವೂ ಹೌದು. ಅವನನ್ನು ಕೇಳಲೆಂದೇ ಮುಂದೆ ಹೆಸರಾಂತ ಸಂಗೀತ ರಚನಕಾರನಾದ ಯುವಕ ಬಾಖ್ 1705ರಲ್ಲಿ ಆರ್ನ್‌ಷ್ಟಾಟ್‌ನಿಂದ ಇಲ್ಲಿಗೆ ಬಂದದ್ದು. ಅಂದರೆ ಈಗ ನೆಲದಲ್ಲಿ ಚೂರಾಗಿ ಬಿದ್ದಿರುವ ಗಂಟೆಯ ನಾದವನ್ನು ಆ ಇಬ್ಬರೂ ಕೇಳಿದ್ದರೆಂದು ಹೇಳಲು ಅಡ್ಡಿಯಿಲ್ಲ.

ಈಗ ಲೋಹದ ಮಾತಿಗೆ ಬರೋಣ. ಗಂಟೆಯ ಕಂಚು ಪ್ರತಿಮೆಯ ಕಂಚಲ್ಲ. ಪ್ರತಿಮೆಗೆ ತಾಮ್ರದ ಜೊತೆ ನೂರಕ್ಕೆ ಹತ್ತರ ಆಸುಪಾಸು ತವರ ಸಾಕು. ಗಂಟೆಗೆ 20ರಿಂದ 24 ಭಾಗ, ಸಾಮಾನ್ಯವಾಗಿ 22 ಭಾಗ ತವರ ಬೇಕು. ಇಷ್ಟು ತವರ ಸೇರಿದರೆ ಲೋಹದೊಳಗೆ ತಾಮ್ರ–ತವರದ ಗಡುಸಾದ ಸಂಯುಕ್ತವೊಂದು ಕಣಕಣವಾಗಿ ಹರಡಿ ನಿಲ್ಲುತ್ತದೆ. ಅದರಿಂದಾಗಿ ಲೋಹದ ಒಳಘರ್ಷಣೆ ಕಡಿಮೆಯಾಗಿ ಹೊಡೆತದ ಶಕ್ತಿ ಬೇಗ ಸೋರಿಹೋಗುವುದಿಲ್ಲ, ನಾದ ನಿಮಿಷಗಟ್ಟಲೆ ಉಳಿಯುತ್ತದೆ. ಆದರೆ ಅದೇ ಸಂಯುಕ್ತದಿಂದ ಲೋಹ ಪೆಡಸಾಗುತ್ತದೆ. ಹಿತ್ತಾಳೆಯ ಪಾತ್ರೆ ಬಿದ್ದರೆ ನೆಗ್ಗುತ್ತದೆ, ಗಂಟೆ ಬಿದ್ದರೆ ಸೀಳುತ್ತದೆ. ತವರ ಕಡಿಮೆ ಮಾಡಿದರೆ ಗಂಟೆ ಗಟ್ಟಿಯಾಗುತ್ತದೆ, ಆದರೆ ದನಿ ಸಾಯುತ್ತದೆ. ಎರಕಗಾರರು ನೂರಾರು ವರ್ಷ ಈ ಎರಡರ ನಡುವೆಯೇ ದಾರಿ ಹುಡುಕಿದ್ದಾರೆ.

ಇಂಥ ಕಂಚು ಸುಮಾರು 800 ಡಿಗ್ರಿ ಸೆಲ್ಸಿಯಸ್‌ನಲ್ಲಿ ಮೆತ್ತಗಾಗಿ ದ್ರವ ಕಾಣಿಸಿಕೊಳ್ಳಲು ಶುರುವಾಗಿ, 880ರ ಹೊತ್ತಿಗೆ ಪೂರ್ತಿ ಕರಗುತ್ತದೆ. ಗೋಪುರದ ಬೆಂಕಿಯಲ್ಲಿ ಜ್ವಾಲೆ ಈ ಬಿಸಿಯನ್ನು ದಾಟುವುದು ಕಷ್ಟವೇನಲ್ಲ. ಉದ್ದನೆಯ ಇಟ್ಟಿಗೆ ಗೋಪುರ ಕೆಳಗಿಂದ ಗಾಳಿ ಎಳೆಯುತ್ತದೆ, ಒಳಗೆಲ್ಲ ಒಣಗಿದ ಓಕ್ ಮರ. ಹಾಗಾದರೆ ಕರಗಲಿಲ್ಲವೇಕೆ? ಕಾರಣ ದಪ್ಪ. ಗಂಟೆಯ ನಾಲಗೆ ಹೊಡೆಯುವ ಜಾಗದಲ್ಲಿ ಲೋಹದ ದಪ್ಪ ವ್ಯಾಸದ ಹದಿಮೂರನೇ ಒಂದು ಭಾಗದ ಆಸುಪಾಸು ಇರುತ್ತದೆ. 2.17 ಮೀಟರ್ ಗಂಟೆಗೆ ಅದು ಹದಿನಾರು ಸೆಂಟಿಮೀಟರ್ ಮೀರುತ್ತದೆ. ಏಳು ಟನ್ ಲೋಹ ಕರಗುವ ಬಿಸಿಗೆ ಬರುವಷ್ಟು ಹೊತ್ತು ಮರದ ಚೌಕಟ್ಟು ನಿಲ್ಲುವುದಿಲ್ಲ. ಚೌಕಟ್ಟಿನ ಕೀಲುಗಳು, ಗಂಟೆ ತೂಗುವ ಅಡ್ಡತೊಲೆ, ಅದರ ಅಚ್ಚು ಕೂತ ಜಾಗಗಳು ಮೊದಲು ಸುಟ್ಟು ಸಡಿಲಾಗುತ್ತವೆ. ಗಂಟೆ ಬಿಸಿಯಾಗಿರುತ್ತದೆ, ಆದರೆ ಇಡಿಯಾಗಿ ಕೆಳಗೆ ಬರುತ್ತದೆ. ಪೂರ್ತಿ ಕರಗಿ ತೊಟ್ಟಿಕ್ಕುವುದು ಸಾಮಾನ್ಯವಾಗಿ ಚಿಕ್ಕ, ತೆಳು ಗಂಟೆಗಳ ಪಾಡು, ಇಲ್ಲವೇ ಕೆಳಗೆ ಬಿದ್ದ ಮೇಲೆ ಕೆಂಡದ ರಾಶಿಯಲ್ಲಿ ಹೂತುಹೋದ ಅಂಚುಗಳ ಪಾಡು.

50 ಮೀಟರ್ ಎತ್ತರದಿಂದ ತಡೆಯಿಲ್ಲದೆ ಬಿದ್ದ ವಸ್ತು ನೆಲ ಮುಟ್ಟುವಾಗ ಗಂಟೆಗೆ 110 ಕಿಲೋಮೀಟರ್ ವೇಗದಲ್ಲಿರುತ್ತದೆ. ದಾರಿಯಲ್ಲಿ ಮಹಡಿಗಳು ಸಿಕ್ಕರೆ ವೇಗ ತಗ್ಗುತ್ತದೆ, ಆದರೆ ಉರಿಯುವ ಮಹಡಿ ಏಳು ಟನ್ನನ್ನು ಎಷ್ಟು ತಡೆದೀತು? ಕೆಳಗೆ ಹಾಸುಗಲ್ಲು. ಪೆಡಸು ಲೋಹ, ಒಳಗೆ ಬಿಸಿಯ ಏರುಪೇರಿನಿಂದ ಆಗಲೇ ಎಳೆತ, ಮೇಲೆ ಒಂದೇ ಕಡೆ ಬಿದ್ದ ಹೊಡೆತ. ಗಂಟೆ ಬಿರುಕು ಬಿಡಲು ಇಷ್ಟು ಬೇಕಾಗಿಯೂ ಇಲ್ಲ. ಮಾಸ್ಕೋದ ಕ್ರೆಮ್ಲಿನ್‌ನಲ್ಲಿರುವ ಸುಮಾರು 200 ಟನ್ನಿನ ‘ತ್ಸಾರ್ ಗಂಟೆ’ ಎಲ್ಲಿಂದಲೂ ಬೀಳಲಿಲ್ಲ. 1737ರ ಬೆಂಕಿಯಲ್ಲಿ ಎರಕದ ಗುಂಡಿಯಲ್ಲೇ ಇದ್ದಾಗ ಕಾದು, ನೀರು ಬಿದ್ದು, ಹನ್ನೊಂದು ಟನ್ನಿಗೂ ಹೆಚ್ಚಿನ ಒಂದು ತುಂಡು ಕಳಚಿಕೊಂಡಿತು.

ಆ ರಾತ್ರಿಯ ಬಗ್ಗೆ ಲೂಬೆಕ್‌ನಲ್ಲಿ ಒಂದು ಮಾತಿದೆ: ಬೀಳುವ ಮೊದಲು ಗಂಟೆಗಳು ಬೆಂಕಿಯ ಗಾಳಿಗೆ ತಾವಾಗಿಯೇ ಬಾರಿಸಿಕೊಂಡವು ಎಂದು. ಕೇಳಿದವರು ಸುಳ್ಳು ಹೇಳಿದರು ಎನ್ನಲು ಕಾರಣವಿಲ್ಲ. ಆದರೆ ಮೇಲೇಳುವ ಬಿಸಿಗಾಳಿ ಏಳು ಟನ್ ಗಂಟೆಯನ್ನು ನಾಲಗೆ ತಾಗುವಷ್ಟು ತೂಗಿಸುವುದು ನನ್ನ ಲೆಕ್ಕದಲ್ಲಿ ಕಷ್ಟ. ಚಿಕ್ಕ ಗಂಟೆಗಳು ಹಾಗೆ ಆಡಿರಬಹುದು. ದೊಡ್ಡವುಗಳ ದನಿ ಕೇಳಿದ್ದರೆ, ಚೌಕಟ್ಟು ಒಂದು ಬದಿ ಕುಸಿದು ಗಂಟೆ ವಾಲಿದಾಗ, ಇಲ್ಲವೇ ಉರಿದ ತೊಲೆಗಳು ಅದರ ಮೇಲೆ ಬಿದ್ದಾಗ ಎದ್ದ ದನಿ ಇರಬೇಕು.

ಚರ್ಚಿಗೆ ಹೋದರೆ ತುಂಡುಗಳ ಒಡೆದ ಮುಖವನ್ನು ನೋಡಿ. ಗಂಟೆಯ ಹೊರಮೈ ಹಸಿರು–ಕಪ್ಪಾಗಿರುತ್ತದೆ. ಹೊಸದಾಗಿ ಒಡೆದ ಗಂಟೆಕಂಚಿನ ಒಳಮುಖ ಮಾತ್ರ ಬೆಳ್ಳಿಬೂದು, ಹರಳುಹರಳು. ಕೆಂಪು ತಾಮ್ರದ ಛಾಯೆ ಹುಡುಕಿದರೂ ಕಾಣದು. ವರ್ಷ ಕಳೆದಂತೆ ಆ ಒಡೆದ ಮುಖವೂ ಕಂದುತ್ತದೆ. ಒಡಕಿನ ಅಂಚು ಚೂಪಾಗಿ, ಹರಳು ಎದ್ದು ಕಂಡರೆ ಅದು ಹೊಡೆತದಿಂದ ಆದ ಸೀಳು. ಅಂಚು ದುಂಡಗಾಗಿ, ತೊಟ್ಟಾಗಿ ನಿಂತಿದ್ದರೆ ಅಲ್ಲಿ ಲೋಹ ಕರಗಿದೆ. ಅಕ್ಷರಗಳ ಪಟ್ಟಿ ಗಂಟೆಯ ಭುಜದ ಬಳಿ ಇರುತ್ತದೆ. ಅಲ್ಲಿ ಅಕ್ಷರದ ಏಣು ಇನ್ನೂ ಹರಿತವಾಗಿದ್ದರೆ ಆ ಭಾಗಕ್ಕೆ ಕರಗುವ ಬಿಸಿ ತಲುಪಲಿಲ್ಲ ಎಂದೇ ಅರ್ಥ.

ಎರಡನೇ ಪ್ರಶ್ನೆ, ಮತ್ತೆ ಎರಕ. ಯುರೋಪಿನ ಚರ್ಚುಗಳಲ್ಲಿ ಒಡೆದ ಗಂಟೆಯನ್ನು ಇಟ್ಟುಕೊಳ್ಳುವ ರೂಢಿಯೇ ಇರಲಿಲ್ಲ. ತವರ ದುಬಾರಿ, ತಾಮ್ರವೂ ಅಗ್ಗವಲ್ಲ. ಬಿರುಕು ಬಿಟ್ಟರೆ ಇಳಿಸು, ಕುಟ್ಟಿ ಚೂರು ಮಾಡು, ಕರಗಿಸು, ಕಡಿಮೆ ಬಿದ್ದಷ್ಟು ಹೊಸ ಲೋಹ ಸೇರಿಸು, ಹೊಸ ಗಂಟೆ ಹೊಯ್ಯಿ. ಹಲವು ಹಳೆಯ ಗಂಟೆಗಳ ಬರಹದಲ್ಲೇ ‘ಇಂಥ ವರ್ಷ ಮತ್ತೆ ಎರೆದದ್ದು’ ಎಂದು ಇರುತ್ತದೆ. ಯುದ್ಧ ಬಂದಾಗ ಹರಿವು ತಿರುಗುತ್ತಿತ್ತು, ಗಂಟೆಯ ಲೋಹ ಯುದ್ಧದ ಕೆಲಸಕ್ಕೆ ಹೋಗುತ್ತಿತ್ತು. ಕಲೋನ್ ಕೆಥೆಡ್ರಲ್‌ನ ‘ಕೈಸರ್ ಗಂಟೆ’ ಹುಟ್ಟಿದ್ದೇ ಫ್ರೆಂಚರಿಂದ ಗೆದ್ದ ಫಿರಂಗಿಗಳ ಲೋಹದಿಂದ. 1918ರಲ್ಲಿ ಅದನ್ನು ಯುದ್ಧದ ಕೆಲಸಕ್ಕೆಂದು ಒಡೆದು ಕರಗಿಸಿದರು. ಅದರ ಜಾಗಕ್ಕೆ 1923ರಲ್ಲಿ ಎರೆದ 24 ಟನ್ನಿನ ಸಂತ ಪೀಟರ್ ಗಂಟೆ ಬಂತು. ನಾಜಿ ಆಡಳಿತ 1940ರಿಂದ ಜರ್ಮನಿಯಲ್ಲೂ ತಾನು ಹಿಡಿದ ದೇಶಗಳಲ್ಲೂ ಗಂಟೆಗಳನ್ನು ಎ, ಬಿ, ಸಿ, ಡಿ ಎಂದು ದರ್ಜೆ ಹಾಕಿ ಕಸಿಯಿತು. ಹೊಸ ಗಂಟೆಗಳಾದ ಎ ಮೊದಲು ಕುಲುಮೆಗೆ, ಅತಿ ಹಳೆಯ ಡಿ ಉಳಿಸಬೇಕಾದದ್ದು. ಕಸಿದದ್ದು ಸುಮಾರು 1,75,000, ಕರಗಿಸಿದ್ದು ಸುಮಾರು 1,50,000 ಎಂಬುದು ಸಾಮಾನ್ಯವಾಗಿ ಕೊಡುವ ಅಂದಾಜು. ಹ್ಯಾಂಬರ್ಗ್ ಬಂದರಿನಲ್ಲಿ ಅವನ್ನು ರಾಶಿ ಹಾಕಿದ್ದ ಜಾಗಕ್ಕೆ ‘ಗಂಟೆಗಳ ಸ್ಮಶಾನ’ ಎಂದೇ ಹೆಸರು ಬಿತ್ತು. ಇಷ್ಟೆಲ್ಲ ಕುಲುಮೆಗೆ ಹೋದ ಕಾಲದಲ್ಲಿ ಒಡೆದ ಒಂಬತ್ತು ಟನ್ ಕಂಚನ್ನು ಒಂದು ಊರು ಮುಟ್ಟದೆ ಬಿಟ್ಟಿತು ಎಂಬುದನ್ನು ಈ ಹಿನ್ನೆಲೆಯಲ್ಲೇ ನೋಡಬೇಕು.

ಮತ್ತೆ ಎರೆದಿದ್ದರೆ ಏನು ಸಿಗುತ್ತಿತ್ತು? ಅದೇ ಲೋಹದ ಬೇರೆ ಗಂಟೆ. ಗಂಟೆಯ ಅಚ್ಚು ಒಂದೇ ಸಲಕ್ಕೆ. ಹಳೆಯ ಕ್ರಮದಲ್ಲಿ ಮೊದಲು ಇಟ್ಟಿಗೆ–ಮಣ್ಣಿನ ಒಳತಿರುಳು, ಅದರ ಮೇಲೆ ಮಣ್ಣಿನಲ್ಲೇ ಮಾಡಿದ ‘ಸುಳ್ಳು ಗಂಟೆ’, ಅದಕ್ಕೆ ಮೇಣದ ಅಕ್ಷರ ಅಂಟಿಸಿ, ಮೇಲೆ ಹೊರಕವಚ. ಒಣಗಿಸಿ, ಕವಚ ಎತ್ತಿ, ಸುಳ್ಳು ಗಂಟೆಯನ್ನು ಒಡೆದು ತೆಗೆದು, ಕವಚವನ್ನು ಮತ್ತೆ ಇಳಿಸಿ, ಉಳಿದ ಟೊಳ್ಳಿಗೆ ಸುಮಾರು 1100 ಡಿಗ್ರಿಯ ಲೋಹ ಸುರಿಯುತ್ತಾರೆ. ತಣಿದ ಮೇಲೆ ಕವಚವನ್ನು ಒಡೆದೇ ಗಂಟೆ ಹೊರತೆಗೆಯಬೇಕು. ಬೆನ್ನಿಂಕ್ ಗಂಟೆಯ ಅಚ್ಚು 1668ರಲ್ಲೇ ಮಣ್ಣಾಗಿತ್ತು. ಗಂಟೆಯ ದನಿ ನಿರ್ಧಾರವಾಗುವುದು ಗೋಡೆಯ ಅಡ್ಡಕೊಯ್ತದ ಆಕಾರದಿಂದ. ಒಂದೇ ಹೊಡೆತಕ್ಕೆ ಅದರಲ್ಲಿ ಕೆಳ ಗುಂಯ್‌ಗಾರ, ಮೂಲಸ್ವರ, ಕೋಮಲ ಗಾಂಧಾರದ ಅಂತರದಲ್ಲಿ ಇನ್ನೊಂದು, ಪಂಚಮ, ಮೇಲಿನ ಷಡ್ಜ ಎಂದು ಕನಿಷ್ಠ ಐದು ಸ್ವರಗಳು ಒಟ್ಟಿಗೆ ಏಳುತ್ತವೆ. ಗೋಡೆ ಕೆಲವೇ ಮಿಲಿಮೀಟರ್ ಬದಲಾದರೂ ಅವುಗಳ ನಡುವಿನ ಅಂತರ ಸರಿಯುತ್ತದೆ. ಆಕಾರವನ್ನು ತುಂಡುಗಳಿಂದ ಅಳೆದು ನಕಲು ಮಾಡಬಹುದು, ಆದರೆ ಲೋಹ ಬೇಕೆಂದು ಆ ತುಂಡುಗಳನ್ನೇ ಕುಲುಮೆಗೆ ಹಾಕಿದ ಮೇಲೆ ಸರಿಯಾಗಿದೆಯೋ ಇಲ್ಲವೋ ನೋಡಲು ಏನೂ ಉಳಿಯುವುದಿಲ್ಲ.

ತುಂಡಿನಿಂದ ಅಳೆಯುವುದು ಹೇಗೆ ಎಂದು ತಿಳಿಯಬೇಕಿದ್ದರೆ: ಬಾಯಿಯ ಅಂಚಿನ ಒಂದು ಚೂರು ಸಾಕು. ಅಂಚಿನ ಮೇಲೆ ಎರಡು ಬಿಂದು ಗುರುತಿಸಿ, ನಡುವಿನ ನೇರ ದೂರ ಅಳೆಯಿರಿ. ಆ ನೇರಗೆರೆಯ ಮಧ್ಯದಿಂದ ಕಮಾನಿಗೆ ಇರುವ ಎತ್ತರ ಅಳೆಯಿರಿ. ದೂರದ ವರ್ಗವನ್ನು ಎತ್ತರದ ಎಂಟರಷ್ಟರಿಂದ ಭಾಗಿಸಿ ಎತ್ತರದ ಅರ್ಧ ಕೂಡಿಸಿದರೆ ತ್ರಿಜ್ಯ. ದೂರ 60 ಸೆಂ.ಮೀ., ಎತ್ತರ 4.2 ಸೆಂ.ಮೀ. ಬಂದರೆ ತ್ರಿಜ್ಯ ಸುಮಾರು 109 ಸೆಂ.ಮೀ., ವ್ಯಾಸ 2.18 ಮೀಟರ್. ಎಡವುವುದು ಇಲ್ಲೇ: ಎತ್ತರದಲ್ಲಿ 2 ಮಿ.ಮೀ. ತಪ್ಪಿ 4.4 ಎಂದು ಓದಿದರೆ ವ್ಯಾಸ 2.09ಕ್ಕೆ ಇಳಿಯುತ್ತದೆ. ಕಿಲುಬಿನ ಪದರದ ಮೇಲೆ ಅಳತೆಪಟ್ಟಿ ಇಟ್ಟರೆ ಅಷ್ಟು ತಪ್ಪು ಸುಲಭವಾಗಿ ಬರುತ್ತದೆ. ಹಾಗಾಗಿ ಚೂರು ಎಷ್ಟು ಉದ್ದವಿದ್ದರೆ ಅಷ್ಟು ಒಳ್ಳೆಯದು, ಬಿಸಿಗೆ ಬಾಗಿದ ಅಂಚನ್ನು ಬಿಡಬೇಕು. ವ್ಯಾಸ ಸಿಕ್ಕರೆ ತೂಕದ ಅಂದಾಜೂ ಸಿಗುತ್ತದೆ: ಮಧ್ಯಮ ದಪ್ಪದ ಗಂಟೆಗೆ ವ್ಯಾಸವನ್ನು ಮೀಟರಿನಲ್ಲಿ ಘನ ಮಾಡಿ 700ರಿಂದ ಗುಣಿಸಿ. 2.17 ಮೀಟರಿಗೆ 7,150 ಕಿಲೋ ಬರುತ್ತದೆ, 3.22 ಮೀಟರಿನ ಕಲೋನ್ ಗಂಟೆಗೆ 23 ಟನ್ ಚಿಲ್ಲರೆ. ತೆಳು ಗೋಡೆಯ ಹಳೆಯ ಗಂಟೆಗಳು ಈ ಲೆಕ್ಕಕ್ಕಿಂತ ಸಾಕಷ್ಟು ಹಗುರ ಇರುತ್ತವೆ ಎಂಬುದನ್ನು ಮರೆಯಬಾರದು.

ಕರಗಿಸದೆ ಬೆಸುಗೆ ಹಾಕಬಾರದಿತ್ತೇ ಎಂದು ಕೆಲವರು ಕೇಳುತ್ತಾರೆ. ಗಂಟೆಗೆ ಬೆಸುಗೆ ಹಾಕುವ ವಿದ್ಯೆ ಇದೆ. ಇಡೀ ಗಂಟೆಯನ್ನು ಕುಲುಮೆಯಲ್ಲಿ ನಿಧಾನವಾಗಿ ಕೆಲವು ನೂರು ಡಿಗ್ರಿಗೆ ಏರಿಸಿ, ಬಿರುಕನ್ನು ತೋಡಿ ಬುಡದವರೆಗೆ ತೆರೆದು, ಅದೇ ಪಾಕದ ಕಂಚಿನಿಂದ ತುಂಬಿ, ಮತ್ತೆ ನಿಧಾನವಾಗಿ ತಣಿಸುತ್ತಾರೆ. ಬಿಸಿ ಮಾಡದೆ ಬೆಸೆದರೆ ಬೆಸುಗೆಯ ಪಕ್ಕದಲ್ಲೇ ಹೊಸ ಬಿರುಕು ಏಳುತ್ತದೆ. 1497ರಲ್ಲಿ ಗೆರ್ಹಾರ್ಡ್ ಫಾನ್ ವೌ ಎರೆದ ಎರ್‌ಫುರ್ಟ್ ಕೆಥೆಡ್ರಲ್‌ನ ‘ಗ್ಲೋರಿಯೋಸಾ’ 11 ಟನ್ನಿಗೂ ಹೆಚ್ಚಿನದು. ಅದು ಬಿರುಕು ಬಿಟ್ಟಾಗ 1985ರಲ್ಲಿ ಗೋಪುರದಲ್ಲೇ ಬೆಸೆದರು. ಅದು ಸಾಲದೆ 2004ರಲ್ಲಿ ಕೆಳಗಿಳಿಸಿ, ಗಂಟೆ ಬೆಸುಗೆಗೆ ಹೆಸರಾದ ನ್ಯೋರ್ಡ್‌ಲಿಂಗೆನ್ ಊರಿಗೆ ಒಯ್ದು ಸರಿಮಾಡಿಸಿದರು. ಅದು ಒಂದು ಬಿರುಕಿನ ಕೆಲಸ. ಲೂಬೆಕ್‌ನಲ್ಲಿ ಹತ್ತಾರು ಒಡಕು, ಕಳೆದುಹೋದ ಚೂರು, ಬಿಸಿಗೆ ಹದ ಕೆಟ್ಟ ಲೋಹ. ಬೆಸೆದರೆ ಗಂಟೆಯ ಆಕಾರ ಬಂದೀತು, ದನಿ ಬಾರದು.

ಬಿಟ್ಟದ್ದು ಬರೀ ತಾಂತ್ರಿಕ ಕಾರಣಕ್ಕಲ್ಲ. ಚರ್ಚಿನ ಪುನರ್ನಿರ್ಮಾಣ 1947ರಲ್ಲಿ ಶುರುವಾಗಿ ಹನ್ನೆರಡು ವರ್ಷ ನಡೆಯಿತು. ದಕ್ಷಿಣ ಗೋಪುರದ ಬುಡದ ಆ ಕೋಣೆಯನ್ನು ಮಾತ್ರ, ಒಡೆದ ಹಾಸುಗಲ್ಲಿನ ಸಮೇತ, ಇದ್ದಂತೆ ಉಳಿಸಿದರು. ಕಾವೆಂಟ್ರಿ ಕೆಥೆಡ್ರಲ್‌ನ ಮೊಳೆಗಳ ಶಿಲುಬೆಯೂ ಇಲ್ಲಿದೆ. 1940ರ ನವೆಂಬರ್‌ನಲ್ಲಿ ಜರ್ಮನ್ ಬಾಂಬಿಗೆ ಸುಟ್ಟ ಆ ಇಂಗ್ಲಿಷ್ ಚರ್ಚಿನ ಮಾಡಿನ ಮೊಳೆಗಳಿಂದ ಇಂಥ ಶಿಲುಬೆಗಳ ಪರಂಪರೆ ಶುರುವಾದದ್ದು. ಹಾಗೆ ನೋಡಿದರೆ ಈ ಕೋಣೆ ಲೂಬೆಕ್‌ನ ನೋವನ್ನಷ್ಟೇ ಹೇಳುವುದಿಲ್ಲ, ಮೊದಲು ಯಾರು ಯಾರ ಊರು ಸುಟ್ಟರು ಎಂಬುದನ್ನೂ ಎದುರಿಗಿಡುತ್ತದೆ.

ಇದೇ ಚರ್ಚಿನಲ್ಲಿ ‘ಸರಿಪಡಿಸುವ’ ಕೆಲಸ ಎಲ್ಲಿಗೆ ಹೋಗಬಹುದು ಎಂಬುದಕ್ಕೂ ಉದಾಹರಣೆ ಇದೆ. ಬೆಂಕಿಯ ಬಿಸಿಗೆ ಸುಣ್ಣದ ಗಾರೆ ಉದುರಿ ಮಧ್ಯಯುಗದ ಭಿತ್ತಿಚಿತ್ರಗಳು ಬೆಳಕಿಗೆ ಬಂದವು. ಅವನ್ನು ದುರಸ್ತಿ ಮಾಡಿದ ಚಿತ್ರಗಳು 1951ರಲ್ಲಿ ಚರ್ಚಿನ 700ನೇ ವರ್ಷದ ಸಂಭ್ರಮದಲ್ಲಿ ಮೆರೆದವು, ಅಂಚೆಚೀಟಿಯ ಮೇಲೂ ಬಂದವು. ಮರುವರ್ಷ ಲೋಥರ್ ಮಾಲ್ಸ್‌ಕಾಟ್ ಎಂಬ ಚಿತ್ರಗಾರ ತಾನೇ ಮುಂದೆ ಬಂದು, ಅವುಗಳಲ್ಲಿ ಎಷ್ಟೋ ತಾನು ಹೊಸದಾಗಿ ಬರೆದವು ಎಂದು ಒಪ್ಪಿಕೊಂಡ. ಪ್ರಕರಣ ಕೋರ್ಟಿಗೆ ಹೋಯಿತು. ಗಂಟೆಯ ಚೂರುಗಳಿಗೆ ಅಂಥ ಅಪವಾದ ತಟ್ಟುವಂತಿಲ್ಲ. ಯುದ್ಧದ ನಂತರ ಗೋಪುರಕ್ಕೆ ಏರಿಸಿದ ಗಂಟೆಗಳಲ್ಲಿ ಡಾನ್ಜಿಗ್, ಅಂದರೆ ಇಂದಿನ ಗ್ಡಾನ್ಸ್ಕ್‌ನ ಚರ್ಚುಗಳಿಂದ ಕಸಿದು ತಂದು, ಕುಲುಮೆಗೆ ಹೋಗದೆ ಹ್ಯಾಂಬರ್ಗ್‌ನಲ್ಲಿ ಉಳಿದುಕೊಂಡಿದ್ದವೂ ಇದ್ದವು.

ಕೊನೆಗೆ ಕಂಚು ಹಾಳಾಗುವ ಪ್ರಶ್ನೆ. ಒಳಾಂಗಣದಲ್ಲಿ, ಮಾಡಿನ ಕೆಳಗೆ, ದಪ್ಪ ಗಂಟೆಕಂಚು ಶತಮಾನಗಟ್ಟಲೆ ನಿಲ್ಲುತ್ತದೆ. ಗಟ್ಟಿಯಾಗಿ ಅಂಟಿಕೊಂಡ ಕಡುಹಸಿರು, ಕಂದು, ಕಪ್ಪು ಪದರ ಲೋಹವನ್ನು ಕಾಯುತ್ತದೆ, ಅದನ್ನು ತಿಕ್ಕಿ ತೆಗೆಯಬಾರದು. ಭಯಪಡಬೇಕಾದದ್ದು ಉಪ್ಪಿನಲ್ಲಿರುವ ಕ್ಲೋರೈಡಿಗೆ. ಉಪ್ಪಿನ ಗಾಳಿ, ಬೆವರಿನ ಕೈ, ಬೆಂಕಿ ಆರಿಸಿದ ನೀರು, ಗೋಡೆಯ ಗಾರೆ ಇವುಗಳಿಂದ ಅದು ಬಿರುಕಿನೊಳಗೆ ಸೇರುತ್ತದೆ. ತಾಮ್ರದೊಂದಿಗೆ ಕೂಡಿ ನಿಂತ ಈ ಕ್ಲೋರೈಡು ತೇವ ಸಿಕ್ಕಾಗ ಆಮ್ಲ ಬಿಡುತ್ತದೆ, ಆಮ್ಲ ಹೊಸ ತಾಮ್ರವನ್ನು ತಿನ್ನುತ್ತದೆ, ಮತ್ತೆ ಕ್ಲೋರೈಡು. ಗುರುತು ಸುಲಭ: ತಿಳಿಹಸಿರು ಪುಡಿ ಚುಕ್ಕೆಚುಕ್ಕೆಯಾಗಿ ಎದ್ದು, ಮರದ ಕಡ್ಡಿಯಲ್ಲಿ ಕೆದಕಿದರೆ ಉದುರಿ ಕೆಳಗೆ ಗುಳಿ ಕಾಣುತ್ತದೆ. ಅನುಮಾನವಿದ್ದರೆ ಸುತ್ತ ಪುಡಿಯನ್ನೆಲ್ಲ ಒರೆಸಿ, ಫೋಟೋ ತೆಗೆದು, ಕೆಲವು ವಾರ ಬಿಟ್ಟು ನೋಡಬೇಕು; ಮತ್ತೆ ಪುಡಿ ಬಿದ್ದಿದ್ದರೆ ರೋಗ ಜೀವಂತವಾಗಿದೆ. ಗಾಳಿಯ ಸಾಪೇಕ್ಷ ತೇವಾಂಶ ಸುಮಾರು 42ರಿಂದ 45 ಶೇಕಡಾಕ್ಕಿಂತ ಕೆಳಗಿದ್ದರೆ ಇದು ನಿಲ್ಲುತ್ತದೆ. ಬಾಲ್ಟಿಕ್ ಕರಾವಳಿಗೆ ಹತ್ತಿರದ, ಬಾಗಿಲು ತೆರೆದೇ ಇರುವ ಚರ್ಚಿನಲ್ಲಿ ಅಷ್ಟು ಒಣಗಾಳಿ ವರ್ಷವಿಡೀ ಕಾಯುವುದು ಆಗದ ಮಾತು. ಹಾಗಾಗಿ ಇಂಥ ಕಡೆ ಪುಡಿಯೆದ್ದ ಜಾಗವನ್ನಷ್ಟೇ ಯಾಂತ್ರಿಕವಾಗಿ ಕೆದಕಿ, ಎಥನಾಲ್‌ನಲ್ಲಿ ಕಲಸಿದ 3 ಶೇಕಡಾ ಬೆಂಜೊಟ್ರಯಜೋಲ್ ಎಂಬ ಕಿಲುಬು ತಡೆಯುವ ರಾಸಾಯನಿಕ ಹಚ್ಚಿ, ಮೇಲೆ ಮೈಕ್ರೊಕ್ರಿಸ್ಟಲೈನ್ ಮೇಣದ ತೆಳು ಲೇಪ ಕೊಡುವುದು ರೂಢಿ. ಆ ರಾಸಾಯನಿಕ ಮೈಗೆ ಒಳ್ಳೆಯದಲ್ಲ. ಕೈಗವಸು, ಗಾಳಿಯಾಡುವ ಜಾಗ ಬೇಕೇಬೇಕು.

ಅಂಗಡಿಯ ಹಿತ್ತಾಳೆ ಪಾಲಿಷ್, ಹುಣಸೆಹುಳಿಯಂಥ ಹುಳಿ, ತಂತಿಬ್ರಷ್ ಇವು ಹಳೆಯ ಗಂಟೆಗೆ ಮುಟ್ಟಲೇಬಾರದು. ಪಾಲಿಷಿನಲ್ಲಿ ಅಮೋನಿಯಾ ಇದ್ದರೆ ಒಡಕಿನ ಸಂದಿಗೆ ಇಳಿದು ಒಳಗಿಂದ ತಿನ್ನುತ್ತದೆ, ಹೊರಗೆ ಹೊಳಪು ಕಾಣುತ್ತದೆ ಅಷ್ಟೆ. ಇನ್ನೊಂದು ಶತ್ರು ಕಬ್ಬಿಣ. ನಾಲಗೆ ತೂಗುಹಾಕಲು ಗಂಟೆಯ ನೆತ್ತಿಯೊಳಗೆ ಎರಕದ ಹೊತ್ತಿನಲ್ಲೇ ಹುದುಗಿಸಿದ ಕಬ್ಬಿಣದ ಬಳೆ ತುಕ್ಕು ಹಿಡಿದು ಉಬ್ಬಿ, ಒಡೆಯದ ಗಂಟೆಯನ್ನೂ ನೆತ್ತಿಯಿಂದ ಸೀಳುತ್ತದೆ. ಬಯಲಿನಲ್ಲಿ ಪೀಠದ ಮೇಲೆ ಇಟ್ಟ ಸ್ಮಾರಕ ಗಂಟೆಗಳಲ್ಲಿ ನೆತ್ತಿಯ ಬಿರುಕು ಕಂಡರೆ ಮೊದಲು ನೋಡಬೇಕಾದದ್ದು ಈ ಬಳೆಯನ್ನೇ. ಅದೇ ಕಾರಣಕ್ಕೆ ಗಂಟೆಯನ್ನು ಉಕ್ಕಿನ ಆಧಾರದ ಮೇಲೆ ನೇರವಾಗಿ ಕೂರಿಸುವುದಿಲ್ಲ, ನಡುವೆ ರಬ್ಬರಿನ ಅಥವಾ ಪ್ಲಾಸ್ಟಿಕ್ಕಿನ ತಡೆಪದರ ಇಡುತ್ತಾರೆ. ಬಾಯಿ ಮೇಲಾಗಿ ಮಲಗಿದ್ದರೆ ನೀರು ನಿಂತು ಚಳಿಗೆ ಹೆಪ್ಪುಗಟ್ಟಿ ಬಿರುಕನ್ನು ಅಗಲಿಸುತ್ತದೆ.

ಲೂಬೆಕ್‌ನಂಥ ಕಡೆ ಇನ್ನೊಂದು ಕಷ್ಟವಿದೆ: ಇಲ್ಲಿ ಕಾಪಾಡಬೇಕಾದದ್ದು ಲೋಹದ ಜೊತೆಗೆ ಅದು ಬಿದ್ದ ಭಂಗಿಯನ್ನೂ. ಒಂದು ಚೂರನ್ನು ಒರೆಸಲೆಂದು ಎತ್ತಿ ಅಂದಾಜಿಗೆ ಮರಳಿ ಇಟ್ಟರೂ ಸಾಕ್ಷ್ಯ ಕೆಡುತ್ತದೆ. ಎತ್ತಲೇಬೇಕಾದರೆ ಮೊದಲು ಪ್ರತಿ ತುಂಡಿಗೂ ಸಂಖ್ಯೆ, ಮೇಲಿಂದ ಮತ್ತು ನಾಲ್ಕು ಬದಿಯಿಂದ ಅಳತೆಪಟ್ಟಿ ಸಹಿತ ಫೋಟೋ, ನೆಲಕ್ಕೆ ತಾಗಿದ ಬಿಂದುಗಳ ಗುರುತು ಆಗಬೇಕು. ಟನ್ ತೂಕದ ತುಂಡನ್ನು ಸರಪಳಿಯಲ್ಲಿ ಬಿಗಿದರೆ ಒಡಕಿನ ಅಂಚು ಚಕ್ಕೆ ಏಳುತ್ತದೆ, ಅಗಲ ಬಟ್ಟೆಪಟ್ಟಿಯೇ ಬೇಕು, ಅದೂ ಬಿರುಕಿಗೆ ಅಡ್ಡಲಾಗಿ ಎಳೆತ ಬೀಳದ ಹಾಗೆ. ಬಹುಪಾಲು ಸಂದರ್ಭಗಳಲ್ಲಿ ಮೆತ್ತನೆ ಕುಂಚ ಮತ್ತು ಕಡಿಮೆ ಎಳೆತದ ವ್ಯಾಕ್ಯೂಮಿನಿಂದ ಇದ್ದಲ್ಲೇ ದೂಳು ತೆಗೆದರೆ ಸಾಕಾಗುತ್ತದೆ.